ವಿರುಪಾಕ್ಷಪ್ಪನವರ ಶನಿವಾರದ ಫೋನು

ನಾನು ಸತ್ಯ ಹೇಳುತ್ತೇನೆ ಅಂದರೆ ಮೌಂಟನ್ ವ್ಯೂನಲ್ಲಿ ನನ್ನನ್ನು ಬಲ್ಲವರು ನಗುವುದಕ್ಕೆ ಸಿದ್ಧರಾಗಿಬಿಡುತ್ತಾರೆ. ಆದರೂ ಇದು ನಡೆದದ್ದೇ. ಕಟ್ಟುಕತೆಯಾಗಿದ್ದರೆ ನನ್ನನ್ನು ನಾನೇ ಇಷ್ಟು ಕೀಳಾಗಿ ತೋರಿಸಿಕೊಳ್ಳುತ್ತಿರಲಿಲ್ಲ.

ತೊಂಬತ್ತೊಂಬತ್ತರಲ್ಲಿ ನನ್ನದು ಡಾಟ್‌ಕಾಮ್ ಕೆಲಸ. ಡಾಟ್ ಇತ್ತು, ಕಾಮ್ ಇರಲಿಲ್ಲ. ಹಾಗಾಗಿ ದಿನವಿಡೀ ದೊಡ್ಡವರ ದನಿ ಅನುಕರಿಸುತ್ತಿದ್ದೆ. ಎಲ್ಲಕ್ಕಿಂತ ಚೆನ್ನಾಗಿ ಬರುತ್ತಿದ್ದದ್ದು ನ್ಯಾಯಮೂರ್ತಿ ವಿರುಪಾಕ್ಷಪ್ಪನವರದು. ಧಾರವಾಡದಿಂದ ಬಂದು, ಬರ್ಕ್ಲಿಯ ಹಾಸ್ಟೆಲಿನಲ್ಲಿ ತಟ್ಟೆ ತೊಳೆಯುತ್ತಾ ಲಾ ಓದಿ, ಬಾಡಿಗೆದಾರರ ವಕೀಲರಾಗಿ, ಕೆಳಗಿನ ಕೋರ್ಟಿನಲ್ಲಿ ಇಪ್ಪತ್ತು ವರ್ಷ ಕೂತು, ಇಲ್ಲಿ ರಾಜ್ಯಕ್ಕೊಂದು ಇರುವ ಸುಪ್ರೀಂ ಕೋರ್ಟಿಗೆ ಏರಿದವರು. ಆ ತಿಂಗಳು ನಿವೃತ್ತಿ.

ಅವರ ಕೈಕೆಳಗಿನ ವಕೀಲ, ಮಂಡ್ಯದ ಸಿದ್ದರಾಜು, ನನ್ನ ರೂಮ್‌ಮೇಟು. ಸಾಹೇಬರ ಕೊನೆಯ ತೀರ್ಪಿನ ಕರಡು ಅವನ ಕೈಯಲ್ಲಿತ್ತು: ಇಂಟರ್ನೆಟ್ ಕಂಪನಿಗೆ ಜಾಗ ಬೇಕೆಂದು ಮಾಲೀಕ ಮುದುಕಿಯರನ್ನು ಮನೆ ಬಿಡಿಸಿದ್ದ ಕೇಸು, ತೀರ್ಪು ಮುದುಕಿಯರ ಪರ. ಶನಿವಾರ ಬೆಳಿಗ್ಗೆ ಅವರು ಅವನಿಗೆ ಫೋನ್ ಮಾಡಿ ಕನ್ನಡದಲ್ಲೇ ತಿದ್ದುಪಡಿ ಹೇಳುವುದು ವಾಡಿಕೆ. ಕೋರ್ಟಿನ ಗುಟ್ಟಿಗೆ ಅದಕ್ಕಿಂತ ದೊಡ್ಡ ಬೀಗ ಬೇಕೇ ಅನ್ನುತ್ತಿದ್ದರಂತೆ.

ಒಂದು ಶನಿವಾರ ಅವರಿಗಿಂತ ಮೊದಲು ನಾನೇ ಆಫೀಸಿನಿಂದ ಅವನಿಗೆ ಫೋನ್ ಮಾಡಿದೆ. ಸಾಹೇಬರ ಹಾಗೆ ಮೂಗಿನಲ್ಲಿ ಒಂದು "ಹೂಂ" ಎಳೆದು, "ಸಿದ್ದರಾಜು, ನನ್ನ ಮನಸ್ಸು ಬದಲಾಗೇತಿ. ಮಾಲೀಕನ ಕಡೆ ಬರೀರಿ. ಮತ್ತ ಫೋನ್ ಮಾಡೂದಿಲ್ಲ," ಅಂದೆ. ಆ ಕಡೆ ಸಿದ್ದರಾಜು ಫೋನ್ ಇಟ್ಟ.

ಸಂಜೆ ಹೇಳಿ ನಗೋಣ ಅಂತ ಬಂದರೆ ಸಿದ್ದರಾಜು ಅಡುಗೆಮನೆಯಲ್ಲಿ ದೀಪ ಹಾಕದೆ ಕೂತಿದ್ದ. ಆಮೇಲೆ ಬಡಿದ ಫೋನನ್ನು ಎತ್ತದೆ, ಮಧ್ಯಾಹ್ನವೇ ಕೋರ್ಟಿಗೆ ಹೋಗಿ ಸಾಹೇಬರ ಮೇಜಿನ ಮೇಲೆ ರಾಜೀನಾಮೆ ಇಟ್ಟು ಬಂದಿದ್ದನಂತೆ.

"ಮೂರು ವರ್ಷ ದೇವರು ಅನ್ಕೊಂಡಿದ್ದೆ ಕಣೋ," ಅಂದ.

ಆಗಲೇ ಹೇಳಬೇಕಿತ್ತು. ನನ್ನ ಬಾಯಲ್ಲಿ ಯಾರ ದನಿಯೂ ಬರಲಿಲ್ಲ, ನನ್ನದೂ ಸಹ. ಹೇಳಿದ್ದು ಭಾನುವಾರ. ಅವನು ಬಯ್ಯಲಿಲ್ಲ. ಸೋಮವಾರ ಸಾಹೇಬರ ಮುಂದೆ ತಪ್ಪೊಪ್ಪಿಕೊಳ್ಳಲು ನಾನು ಅವನ ಜೊತೆ ಕೋರ್ಟಿಗೆ ಹೊರಟಾಗ, ರೈಲಿನಲ್ಲಿ ಬೇರೆ ಡಬ್ಬಿಯಲ್ಲಿ ಕೂತ.

ನಾವು ಹೋದಾಗ ಸಾಹೇಬರು ರಾಜೀನಾಮೆ ಪತ್ರ ಓದುತ್ತಿದ್ದರು. ಶನಿವಾರ ತಾವು ಮಾಡಿದ ಫೋನನ್ನು ಸಿದ್ದರಾಜು ಎತ್ತದಿದ್ದದ್ದು ಯಾಕೆಂದು ಅವರಿಗೆ ಆಗ ತಿಳಿಯಿತು. ಉಳಿದದ್ದನ್ನು ನನ್ನ ಬೂಟು ನೋಡುತ್ತಾ ನಾನು ಹೇಳಿದೆ. ನನ್ನ ಮುಂದೆ ಒಮ್ಮೆ ಮಾಡಿ ತೋರಿಸು ಅಂದರು. ನಾನು ಬೂಟಿನ ಲೇಸು ಬಿಗಿಮಾಡಲು ಬಗ್ಗಿದೆ.

ಅವರು ಪತ್ರ ಮಡಚಿದರು.

"ಇಪ್ಪತ್ತಾರು ವರ್ಷ ಜಡ್ಜ್ ಕುರ್ಚಿ ಮ್ಯಾಲ ಕುಂತೀನಿ ತಮ್ಮಾ. ನೀವು ತಪ್ಪು ಮಾಡಾಕತ್ತೀರಿ ಅಂತ ನನಗ ಬರದು ಕೆಲಸ ಬಿಟ್ಟು ಹೊಂಟಾಂವ ಇವನ ಒಬ್ಬ. ನೀ ಸುಳ್ಳು ಹೇಳಿರಲಿಲ್ಲಂದ್ರ ನನಗ ಗೊತ್ತ ಆಗ್ತಿರಲಿಲ್ಲ."

ಪತ್ರವನ್ನು ಕೋಟಿನ ಒಳಜೇಬಿಗೆ ಇಟ್ಟುಕೊಂಡರು. ಆಮೇಲೆ ಮೂಗಿನಲ್ಲಿ "ಹೂಂ" ಎಳೆದು, ನನ್ನ ಹಾಗೆಯೇ ತಲೆ ತಗ್ಗಿಸಿ ಬೂಟು ನೋಡುತ್ತಾ, "ಮಾಲೀಕನ ಕಡೆ ಬರೀರಿ," ಅಂದರು. ಸಿದ್ದರಾಜುಗೆ ನಗು ತಡೆಯಲಾಗಲಿಲ್ಲ. ಆ ಕೋಣೆಯಲ್ಲಿ ಎಲ್ಲರಿಗಿಂತ ಜೋರಾಗಿ, ಕನ್ನಡಕ ತೆಗೆದು ಕಣ್ಣೊರೆಸಿಕೊಳ್ಳುತ್ತಾ ನಕ್ಕವರು ಸಾಹೇಬರೇ.