ಯಾರದೂ ಅಲ್ಲದ ಹಾಡು

ಹೊಸಪೇಟೆಯಿಂದ ಮೆಟ್ರಿಗೆ ಹೊರಟ ಬಸ್ಸಿನಲ್ಲಿ ಡ್ರೈವರ್ ಹೊಸ ಕ್ಯಾಸೆಟ್ ಹಾಕಿದಾಗ, ಎಲೆಗೆ ಸುಣ್ಣ ಹಚ್ಚುತ್ತಿದ್ದ ಹೊಳೆಮ್ಮನ ಬೆರಳು ನಿಂತಿತು. ‘ಗುಡ್ಡಾನ ಹೊಂಟೈತಿ ಚೀನಾ ದೇಶಕ್ಕ, ಟಿಪ್ಪರು ಏರಿ ಹೊಂಟೈತಿ’ ಎಂದು ಯಾವುದೋ ಎಳೆ ಹುಡುಗಿಯ ದನಿ. ಹಿಂದಿನ ಸೀಟಿನವರು ಸಿಳ್ಳೆ ಹೊಡೆದರು. ಮಾತು ಹೊಸದು, ಧಾಟಿ ಮಾತ್ರ ಅವಳ ಅವ್ವನದು. ನಾಟಿ ಹಚ್ಚುವ ಹೆಂಗಸರು ಸಾಲಾಗಿ ಒಂದು ಹೆಜ್ಜೆ ಹಿಂದೆ ಸರಿಯಲೆಂದು ಅವ್ವ ಮೂರನೇ ಸಾಲಿನ ಕೊನೆಗೆ ದನಿ ತಡೆಯುತ್ತಿದ್ದಳು. ಆ ತಡೆಯೂ ಹಾಗೇ ಇತ್ತು.

ಅದನ್ನು ಹಾಗೆ ಹಾಡಬಲ್ಲವರು ಈಗ ಇಬ್ಬರೇ: ತಾನು, ಮತ್ತು ಇಪ್ಪತ್ತು ವರ್ಷ ಗದ್ದೆಯಲ್ಲಿ ಪಕ್ಕಕ್ಕೇ ನಿಂತು ಸೊಲ್ಲು ಹಿಡಿದ ಎರ್ರೆಮ್ಮ. ಮೂರು ವರ್ಷದ ಕೆಳಗೆ ಸಂಡೂರಿನ ಕಡೆ ಅದಿರು ಒಡೆಯಲು ಹೋದವಳು ಕಳೆದ ತಿಂಗಳು ಊರಿಗೆ ಮರಳಿದ್ದಳು. ಒಮ್ಮೆಯೂ ಹೊಳೆಮ್ಮನ ಮನೆ ಕಡೆ ಸುಳಿದಿರಲಿಲ್ಲ. ಹೊಸಪೇಟೆಯ ಕ್ಯಾಸೆಟ್ ಅಂಗಡಿ ಮುಂದೆ ಅವಳನ್ನು ಕಂಡವರಿದ್ದರು.

ಬಸ್ಸಿಳಿದವಳು ನೆಟ್ಟಗೆ ಎರ್ರೆಮ್ಮನ ಮನೆಗೆ ನಡೆದಳು.

“ನಮ್ಮವ್ವನ ಹಾಡು ಯಾರಿಗೆ ಮಾರಿದಿ?”

ಗೋಡೆಗೊರಗಿ ಕುಳಿತಿದ್ದ ಎರ್ರೆಮ್ಮ ಬೆಚ್ಚಲಿಲ್ಲ. “ಕುಂದ್ರಕ್ಕ,” ಎಂದಳು. ದನಿ ಬರಿ ಗಾಳಿಯಂತಿತ್ತು.

“ಕುಂದ್ರಾಕ ಬಂದಿಲ್ಲ. ಆ ಅಂಗಡಿಗ್ಯಾಕ ಹೋಗಿದ್ದಿ?”

“ನಿನ್ನಂಗ ನಾನೂ ಕೇಳಾಕ, ಈ ಹಾಡು ಯಾರು ಕೊಟ್ರು ಅಂತ. ಅಲ್ಲಿ ಗುಡ್ಡದಾಗ ಹೆಂಗಸ್ರು ಹಾಡು ಅಂದ್ರು, ಹಾಡಿದೆ. ಕಾಲುವಿ, ಭತ್ತ ಅಂದ್ರ ಅಲ್ಲಿ ಏನೈತಿ? ಕಣ್ಣಿಗೆ ಕಂಡದ್ದು ಕೂಡಿಸಿದ್ವಿ. ನಾವು ಹಿಂದಕ ಸರಿಯೋ ಜಾಗದಾಗ ಅಲ್ಲಿ ಸುತ್ತಿಗಿ ಬೀಳತಿತ್ತು. ಯಾರು ಒಯ್ದರೋ ಗೊತ್ತಿಲ್ಲ. ಅಂಗಡ್ಯಾಂವನ್ನ ಕೇಳಿದ್ರ, ‘ಇದು ಯಾರ್ದೂ ಅಲ್ಲ, ಜಾನಪದ’ ಅಂದ.”

“ಹಂಗಾರ ಊರಿಗೆ ಬಂದ ಮ್ಯಾಲ ನನ್ನ ಮನಿಗ್ಯಾಕ ಬರ್ಲಿಲ್ಲ?”

“ಬಂದ್ರ ನೀ ಹಾಡು ಅಂತಿದ್ದಿ.”

“ಹಾಡು, ನೋಡೂನು.”

ಎರ್ರೆಮ್ಮ ಮೊದಲ ಸಾಲು ಎತ್ತಿದಳು. ತಗಡು ಕೆರೆದಂಥ ಒಂದು ಸದ್ದು, ಆಮೇಲೆ ಬಿಡದ ಕೆಮ್ಮು.

ಹೊಳೆಮ್ಮ ಬಾಗಿಲಲ್ಲೇ ನಿಂತಿದ್ದಳು. ಅನುಮಾನ ಪೂರ್ತಿ ಹೋಗಿರಲಿಲ್ಲ. ಕೆಮ್ಮು ಇಳಿಯುವವರೆಗೆ ಕಾದು, ಚಪ್ಪಲಿ ಬಿಟ್ಟು ಒಳಗೆ ಬಂದು ಅವಳ ಮಗ್ಗುಲಿಗೆ ಕುಳಿತಳು. ಗದ್ದೆಯ ಮಾತೋ ಗುಡ್ಡದ ಮಾತೋ ತೋಚದೆ, ಬರಿ ಧಾಟಿಯನ್ನು ಮೆಲ್ಲಗೆ ಗುನುಗಿದಳು. ಎರ್ರೆಮ್ಮ ಕಣ್ಣು ಮುಚ್ಚಿದಳು. ಅವಳ ತುಟಿಗಳು ಅಲುಗುತ್ತಿದ್ದವು. ಯಾವ ಮಾತೆಂದು ಹೊಳೆಮ್ಮನಿಗೆ ತಿಳಿಯಲಿಲ್ಲ.