ಬೂದು ಗಿಳಿಗೆ ಬೇಕಾದ ಸದ್ದು

ಬೆಳಿಗ್ಗೆ ಏಳೂವರೆ. ಬೂದು ಗಿಳಿ ತನ್ನ ಎದೆಯ ಗರಿಗಳನ್ನು ಮತ್ತೆ ಕಿತ್ತುಕೊಂಡಿತ್ತು.

ಮೃಗಾಲಯದ ಗಿಳಿಮನೆಯ ಮೇಲ್ವಿಚಾರಕಿ ಪಂಜರದ ನೆಲದಿಂದ ಗರಿಗಳನ್ನು ಆಯ್ದಳು. ಬುಡದಲ್ಲಿ ರಕ್ತವಿತ್ತು. ಹಕ್ಕಿಯ ಬೇಸರ ಕಳೆಯಲೆಂದು ಛಾವಣಿಯುದ್ದಕ್ಕೂ ಸ್ಪೀಕರ್ ಹಾಕಿಸಿ, ವಾರದಿಂದ ಕಾಡಿನ ಸದ್ದು ಕೇಳಿಸುತ್ತಿದ್ದವಳು ಅವಳೇ. ಜಲಪಾತ, ಜೀರುಂಡೆ, ಗಿಳಿಹಿಂಡಿನ ಗಲಾಟೆ, ಯಾವುದಕ್ಕೂ ಬರವಿರಲಿಲ್ಲ. ಅಂದಿನಿಂದ ಹಕ್ಕಿ ದನಿ ಎತ್ತಿರಲಿಲ್ಲ. ನೆಮ್ಮದಿ ಸಿಕ್ಕಿದೆ ಎಂದೇ ಅವಳು ಎಣಿಸಿದ್ದಳು.

ಪಶುವೈದ್ಯರು ಗರಿಗಳನ್ನು ಬೆಳಕಿಗೆ ಹಿಡಿದು ನೋಡಿದರು. "ಸೋಮವಾರದವರೆಗೆ ಕಾಯ್ತೀನಿ. ಆಮೇಲೆ ಕೊಕ್ಕು ಎದೆಗೆ ತಾಗದ ಹಾಗೆ ಕೊರಳಿಗೆ ಪಟ್ಟಿ ಕಟ್ಟಿ ಆಸ್ಪತ್ರೆ ಕೋಣೆಗೆ ಹಾಕೋದೇ. ಗಾಯ ಕೀವಾದ್ರೆ ಜೀವಕ್ಕೇ ಕುತ್ತು ಬರುತ್ತೆ."

"ಪಂಜರದಲ್ಲಿರೋ ಜೊತೆಗಾತಿಯಿಂದ ಬಿಡಿಸಿ ಒಂಟಿ ಕೂರಿಸಿದ್ರೆ ಕೊರಗೀನೇ ಸಾಯುತ್ತೆ, ಡಾಕ್ಟ್ರೇ."

"ಹಾಗಾದ್ರೆ ಗರಿ ಕೀಳೋದನ್ನ ನಿಲ್ಲಿಸಿ ತೋರಿಸಮ್ಮ."

"ತೋರಿಸ್ತೀನಿ." ಹೇಗೆ ಎಂದು ಅವರು ಕೇಳದೆ ಹೋದದ್ದು ಪುಣ್ಯ.

ಮಧ್ಯಾಹ್ನ, ಟಿಕೆಟ್ ಕಿಟಕಿಯಲ್ಲಿ ಕೆಲಸ ಮಾಡುವ ನಾದಿನಿ ಊಟದ ಡಬ್ಬಿ ಹಿಡಿದು ಬಂದು ಗಿಳಿಯತ್ತ ನೋಡಿದಳು. "ಏನತ್ತಿಗೆ, ಟೈಲರ್ ಸಾಹೇಬ್ರು ಅಂಗಡಿಗೆ ಬೀಗ ಹಾಕಿದ್ರಾ?"

ಆ ಗಿಳಿಯನ್ನು ಮರಿಯಿಂದ ಸಾಕಿದ್ದವನು ಒಬ್ಬ ದರ್ಜಿ. ಕಣ್ಣು ಮಂಜಾಗಿ ಅಂಗಡಿ ಮುಚ್ಚಿದಾಗ ಇಲ್ಲಿ ಬಿಟ್ಟುಹೋಗಿದ್ದ. ಹೊಲಿಗೆ ಯಂತ್ರದ ಟರ್ರ್ ಸದ್ದನ್ನು ಅದು ಹೊರಡಿಸಿದರೆ ಜನ ಯಂತ್ರ ಎಲ್ಲಿದೆಯೆಂದು ತಿರುಗಿ ನೋಡುತ್ತಿದ್ದರು.

"ಮನಸ್ಸಿಗೇನೋ ಸಮಾಧಾನವಾಗಿದೆ ಕಣೆ, ಅದಕ್ಕೇ ಸುಮ್ಮನಿದೆ. ಗರಿ ಯಾಕೆ ಕೀಳುತ್ತೋ ಅದೇ ಗೊತ್ತಾಗ್ತಿಲ್ಲ."

"ಸಮಾಧಾನವಂತೆ! ಅಣ್ಣನ ಮೇಲೆ ಸಿಟ್ಟು ಬಂದು ನೀವು ಬಾಯಿ ಹೊಲ್ಕೊಂಡು ಕೂತಾಗ ಯಾರಾದ್ರೂ ಅದನ್ನ ಸಮಾಧಾನ ಅಂತಾರಾ? ಮನೆಮಂದಿಯೆಲ್ಲ ಉಸಿರು ಬಿಗಿಹಿಡಿದಿರ್ತೀವಿ."

ಮೇಲ್ವಿಚಾರಕಿ ನಕ್ಕಳು. ನಗುತ್ತಲೇ ತಲೆಯೆತ್ತಿ ನೋಡಿದಳು. ಗಿಳಿ ಗರಿಗಳನ್ನು ಮೈಗಂಟಿಸಿಕೊಂಡು ಮೂಲೆ ಹಿಡಿದಿತ್ತು. ಆ ಮೂಲೆಯಲ್ಲೂ ಸದ್ದು ತಪ್ಪಿರಲಿಲ್ಲ. ಕಾಡಿನ ಗಂಧಗಾಳಿಯಿಲ್ಲದ ಹಕ್ಕಿಯ ತಲೆಯ ಮೇಲೆ ವಾರವಿಡೀ ಕಾಡನ್ನೇ ಸುರಿದಿದ್ದಳು!

ಎದ್ದು ಪ್ಲಗ್ ಕಿತ್ತಳು.

ಸಂಜೆ ಮನೆಯ ಹತ್ತಿರದ ಹೊಲಿಗೆ ಅಂಗಡಿಗೆ ಹೋಗಿ ಯಂತ್ರದ ಪಕ್ಕ ಸದ್ದು ರೆಕಾರ್ಡ್ ಮಾಡಲು ಫೋನ್ ಇಟ್ಟಳು.

"ಬಟ್ಟೆ ಎಲ್ಲಮ್ಮ?" ಎಂದ ಅಲ್ಲಿನ ದರ್ಜಿ.

"ಬಟ್ಟೆ ನಿಮ್ಮದೇ ಹೊಲೀರಿ, ಸದ್ದು ನನಗಿರಲಿ. ಆಗಾಗ ಕತ್ತರಿನೂ ಆಡಿಸಿ."

ಮರುದಿನ ಛಾವಣಿಯ ಸ್ಪೀಕರ್‌ಗಳನ್ನೆಲ್ಲ ಇಳಿಸಿ, ಪಂಜರದ ಒಂದು ತುದಿಯಲ್ಲಿ ಮಾತ್ರ ಒಂದನ್ನಿಟ್ಟಳು. ದನಿ ತಗ್ಗಿಸಿದಳು. ಬೇಡವಾದರೆ ಹಕ್ಕಿ ಇನ್ನೊಂದು ತುದಿಗೆ ಹೋಗಬಹುದಿತ್ತು.

ಅದರಲ್ಲಿ ಯಂತ್ರದ ಸದ್ದು ಶುರುವಾಯಿತು. ಗಿಳಿ ಕತ್ತು ಓರೆ ಮಾಡಿತು. ಕೊಂಬೆಯ ಮೇಲೆ ಅಡ್ಡಡ್ಡ ಹೆಜ್ಜೆಯಿಡುತ್ತ ಸ್ಪೀಕರ್ ಬಳಿಗೇ ಬಂದು ಕೂತಿತು. ದಾರ ಕತ್ತರಿಸಲು ಯಂತ್ರ ನಿಂತ ಬಿಡುವಿನಲ್ಲಿ ತಾನೇ ಟರ್ರ್ ಎಂದಿತು.

"ಅರ್ಜೆಂಟ್ ಆರ್ಡರ್ ಇರಬೇಕು," ಎಂದಳು ನಾದಿನಿ.

ಸೋಮವಾರ ಪಂಜರದ ನೆಲದ ಮೇಲೆ ಎದೆಯ ಗರಿ ಒಂದೂ ಇರಲಿಲ್ಲ. ಪಶುವೈದ್ಯರು ಗಾಯಕ್ಕೆ ಮುಲಾಮು ಹಚ್ಚಿ, ಗಿಳಿಯನ್ನು ಜೊತೆಗಾತಿಯ ಪಕ್ಕದಲ್ಲೇ ಬಿಟ್ಟು ಹೋದರು.