ಹಿಮದುಂಡೆ ಒರೆಸಿದ ಮೇಲೆ

ಮೆಟ್ರೋ ಕಿಟಕಿಯ ಗಾಜಿನ ಮೇಲೊಂದು ಬಿಳಿ ಚುಕ್ಕೆ, ಸುಣ್ಣವೋ ಹಕ್ಕಿಯ ಹಿಕ್ಕೆಯೋ, ನಾನು ಹತ್ತಿದ ತಾರ್ನಾಕದಿಂದಲೂ ಅಲ್ಲೇ ಇದೆ, ಹೊರಗೆ ಊರೆಲ್ಲ ಓಡುತ್ತಿದ್ದರೂ ಅದು ಅಲುಗುವುದಿಲ್ಲ — ಇದನ್ನು ಹಳೆಯ ಚಿತ್ರ ತೊಳೆಯುವ ನಮ್ಮ ಆಫೀಸಿನ ಸಾಫ್ಟ್‌ವೇರ್ ಮುಟ್ಟುತ್ತಿರಲಿಲ್ಲ, ಅದಕ್ಕೆ ಗೊತ್ತಿರುವ ನಿಯಮ ಒಂದೇ, ಒಂದು ಫ್ರೇಮಿನಲ್ಲಿದ್ದು ಮುಂದಿನದರಲ್ಲಿ ಅದೇ ಜಾಗದಲ್ಲಿ ಇಲ್ಲದ್ದು ಧೂಳು, ಒರೆಸು, ಒರೆಸಿತು, ಹಿಮದುಂಡೆಗಳನ್ನೂ ಒರೆಸಿತು, ಹಾರುವ ಉಂಡೆ ಒಂದೇ ಕಡೆ ಹೇಗೆ ನಿಂತೀತು, ಇದನ್ನೇ ನಿನ್ನೆ ವಿಠಲ ಸರ್‌ಗೆ ಹೇಳಿದೆ, ನೂರು ವರ್ಷ ಹಳೆಯ ಮೂಕಿ ಚಿತ್ರ ಸರ್, ಉಳಿದಿರುವುದೇ ಒಂದು ನಿಮಿಷ, ಹಿಮದಲ್ಲಿ ಆಟ, ಆ ಉಂಡೆಗಳೇ ಚಿತ್ರ, ಈ ದೃಶ್ಯಕ್ಕೆ ಮಾತ್ರ ಫಿಲ್ಟರ್ ಬೇಡ. ಕಸ ಹೋಗಿ ಎಷ್ಟ್ ಚಂದ ಕಾಣಾಕತ್ತೈತಿ ನೋಡ್ರಿ ಸಂಯುಕ್ತಾ, ನಿಮ್ಮ ಕೈಯಾಗ ಕೊಟ್ರ ಕಸಕ್ಕೂ ಆಧಾರ್ ಕಾರ್ಡ್ ಕೇಳ್ತೀರಿ, ಅಂದರು ಸರ್, ಪಕ್ಕದ ಕುರ್ಚಿಯಲ್ಲಿ ವೈಭವ ನಕ್ಕ. ಮನೆಯಲ್ಲಿ ಅಮ್ಮ ನಗಲಿಲ್ಲ. ಹಿಂದಿನ ವಾರ ಬುತ್ತಿ ಮರೆತೆನೆಂದು ಆಫೀಸಿಗೇ ತಂದವಳು ಪರದೆಯ ಮೇಲೆ, ಒರೆಸುವುದಕ್ಕೆ ಮುಂಚಿನ, ಮೊದಲ ಸ್ಕ್ಯಾನ್ ನೋಡಿ, ರಾಯಚೂರಿನವಳು, ಹಿಮ ಎಂದೂ ಕಂಡವಳಲ್ಲ, ಹತ್ತಿ ಅರಳಿ ತೂರಾಡಾಕತ್ತಾರಲ್ಲ, ಅಯ್ಯ ಆ ಹುಡುಗಿ ಮುದುಕನ ಟೊಪ್ಪಿಗೀಗೇ ಹೊಡದ್ಲು ನೋಡು, ಎಂದು ಬಾಯಿಗೆ ಸೆರಗು ಹಿಡಿದು ನಕ್ಕಿದ್ದಳು. ನಿನ್ನೆ ರಾತ್ರಿ ಒರೆಸಿದ್ದನ್ನು ಫೋನಿನಲ್ಲಿ ತೋರಿಸಿದರೆ, ಆ ಮುದುಕ ಯಾಕ ಬಿದ್ದ, ಫಿಟ್ಸ್ ಬಂತೇನ, ಮ್ಯಾಲ ಇವರೆಲ್ಲ ನಗಾಕತ್ತಾರಲ್ಲ, ಎಂಥಾ ಮಂದಿ, ಅಂದಳು. ಇನ್ನೂ ಹೊತ್ತಿದೆ, ಮೊದಲ ಸ್ಕ್ಯಾನ್ ಡಿಸ್ಕಿನಲ್ಲಿದೆ, ಅಮೀರ್‌ಪೇಟೆಯಲ್ಲಿ ಗಾಡಿ ಬದಲಿಸಿ ಮಿಯಾಪುರ ಮುಟ್ಟಿದರೆ ಸಾಕು, ನಾನೇ ಕೂತು ಕೈಯಿಂದ ಒಂದೊಂದೇ ಫ್ರೇಮು ತೊಳೆಯುತ್ತೇನೆ, ಧೂಳು ಧೂಳು, ಹಿಮ ಹಿಮ — ಮೂಲ ರೀಲಂತೂ ಇಲ್ಲ, ಅಂಟಂಟಾಗಿ ಪುಡಿಯಾಗಿ, ಬೆಂಕಿ ಹತ್ತುವ ಮಾಲೆಂದು ಪಟಾನ್‌ಚೆರುವಿನ ಕೆಮಿಕಲ್ ಕಸದ ಜೊತೆ ಸುಡಲು ಹೋಯಿತು — ಫೋನು, ವೈಭವ, ಮೇಡಂ, ಡಿಸ್ಕ್ ತುಂಬಿತ್ರಿ, ನೀವು ಬರೋದ್ರಾಗ ಜಾಗಾ ಮಾಡೀನಿ, ಏನು ತೆಗೆದೆ, ಆ ಹಿಮದ್ದ್ರಿ, ಕಸ ಇದ್ದದ್ದು, ಸರ್ ಹೇಳಿದ್ರು, ಇನ್ನೊಂದು ಪ್ರತಿ ಇತ್ತಲ್ಲ ವೈಭವ, ಅದನ್ನೂ ತೆಗದೀನ್ರಿ, ಎರಡು ಯಾಕ ಅಂತ, ಚೊಕ್ಕ ಇದ್ದದ್ದು ಐತಲ್ರಿ. ಐತಿ. ಚೊಕ್ಕ ಇದ್ದದ್ದು ಐತಿ. ಬಾಗಿಲು ತೆರೆಯುತ್ತದೆ, ಅಮೀರ್‌ಪೇಟೆ, ಬೆನ್ನ ಹಿಂದೆ ಯಾರೋ ತೆಲುಗಿನಲ್ಲಿ, ದಿಗಂಡಿ ಮೇಡಂ ದಿಗಂಡಿ, ಇಳಿಯಬೇಕು, ಇಳಿದು ಎಲ್ಲಿಗೆ, ಬೆರಳಿಂದ ಗಾಜು ಒರೆಸುತ್ತೇನೆ, ಚುಕ್ಕೆ ಹೊರಗಿನದು, ಹೋಗುವುದಿಲ್ಲ, ಅದರಾಚೆ ಒರೆಸಿದ ಚಿತ್ರದ ಹುಡುಗಿ ಬಗ್ಗುತ್ತಾಳೆ, ನಗುತ್ತಾಳೆ, ತೋಳು ಬೀಸುತ್ತಾಳೆ, ನಡುವೆ ಏನೂ ಇಲ್ಲ, ಮುದುಕನ ಟೊಪ್ಪಿಗೆ ತಾನಾಗಿ ಹಾರುತ್ತದೆ, ಹುಡುಗಿ ಬಗ್ಗುತ್ತಾಳೆ, ತೋಳು ಬೀಸುತ್ತಾಳೆ, ಏನೂ ಇಲ್ಲ, ಟೊಪ್ಪಿಗೆ